ಜನಸಂಖ್ಯೆ: ಒಂದು

ಹೋದ ಭಾನುವಾರ ಐದನೇ ತರಗತಿಯ ಮೊಮ್ಮಗಳು ಶಾಲೆಯ ನೋಟ್‌ಬುಕ್ ಹಿಡಿದು ನನ್ನ ಆರಾಮಕುರ್ಚಿಯ ಪಕ್ಕ ಬಂದು ಕೂತಳು. ಟೀಚರ್ ಒಂದು ಪಟ್ಟಿ ಕೊಟ್ಟಿದ್ದರು. ಊರಿನ ಹೆಸರು, ತಾಲ್ಲೂಕು, ಜಿಲ್ಲೆ, ಜನಸಂಖ್ಯೆ, ಊರಿನ ವಿಶೇಷ ಎಂದು ಗೆರೆ ಎಳೆದ ಕಾಲಂಗಳು. ಐದು ಊರುಗಳನ್ನು ತುಂಬಿಸಬೇಕು. ನಾಲ್ಕು ಆಗಿದ್ದವು. ಐದನೆಯದಕ್ಕೆ ಪೆನ್ಸಿಲ್ ಕಚ್ಚುತ್ತಾ ಕೇಳಿದಳು:

"ಅಜ್ಜಾ, ಒಂದು ಊರು ಅನ್ನಿಸಿಕೊಳ್ಳೋಕೆ ಕಡಿಮೆ ಅಂದ್ರೆ ಎಷ್ಟು ಜನ ಇರಬೇಕು?"

"ಒಬ್ಬರಿದ್ರೆ ಸಾಕು" ಅಂದೆ.

"ಸುಮ್ನೆ ತಮಾಷೆ ಮಾಡ್ಬೇಡಿ."

ತಮಾಷೆಯಲ್ಲ ಮಕ್ಕಳೇ. ಆ ಊರಿಗೆ ನಾನು ಹೋಗಿಬಂದಿದ್ದೇನೆ.

2014ರಲ್ಲಿ ನಾನೂ ನನ್ನ ಹೆಂಡತಿಯೂ ಅಮೆರಿಕದ ಕೊಲರಾಡೊ ರಾಜ್ಯದಲ್ಲಿದ್ದ ಮಗಳ ಮನೆಗೆ ಹೋಗಿದ್ದೆವು. ಫೋರ್ಟ್ ಕಾಲಿನ್ಸ್ ಎಂಬ ಊರು. ಒಂದು ಶನಿವಾರ ಬೆಳಿಗ್ಗೆ ಅಳಿಯಂದಿರು, "ಮಾವ, ಇವತ್ತು ನಿಮಗೊಂದು ಊರು ತೋರಿಸ್ತೀನಿ. ನಾವು ನಾಲ್ಕು ಜನ ಕಾರಿಂದ ಇಳಿದ್ರೆ ಅದರ ಜನಸಂಖ್ಯೆ ಐದು ಪಟ್ಟು ಆಗುತ್ತೆ" ಎಂದರು. ಬ್ಯಾಂಕಿನಲ್ಲಿ ಮೂವತ್ತೈದು ವರ್ಷ ಕೂಡಿಸಿ ಕಳೆದವನು ನಾನು. ಆ ಲೆಕ್ಕ ತಲೆಗೆ ಹತ್ತಲು ಅರ್ಧ ನಿಮಿಷ ಬೇಕಾಯಿತು.

ಊರಿನ ಹೆಸರು ಬುಫೋರ್ಡ್. ಇರುವುದು ಕೊಲರಾಡೊದ ಉತ್ತರಕ್ಕಿರುವ ವಯೋಮಿಂಗ್ ರಾಜ್ಯದಲ್ಲಿ. ವಯೋಮಿಂಗ್ ನಮ್ಮ ಕರ್ನಾಟಕಕ್ಕಿಂತ ದೊಡ್ಡದು. ಆದರೆ ಇಡೀ ರಾಜ್ಯದ ಜನ ಆರು ಲಕ್ಷಕ್ಕಿಂತ ಕಡಿಮೆ. ಅಮೆರಿಕದ ಐವತ್ತು ರಾಜ್ಯಗಳಲ್ಲಿ ಅತಿ ಕಡಿಮೆ ಜನ ಇರುವುದು ಅಲ್ಲೇ. ಲ್ಯಾರಮಿ ಎಂಬ ಪಟ್ಟಣ ತಲುಪಿ, ಅಲ್ಲಿಂದ ಪೂರ್ವಕ್ಕೆ 80ನೇ ನಂಬರಿನ ಹೆದ್ದಾರಿ ಹಿಡಿದೆವು. ದೇಶದ ಪೂರ್ವದ ತುದಿಯನ್ನು ಪಶ್ಚಿಮದ ತುದಿಗೆ ಸೇರಿಸುವ ಭಾರಿ ರಸ್ತೆ ಅದು. ಲ್ಯಾರಮಿ ಬಿಟ್ಟು ಸ್ವಲ್ಪ ಹೊತ್ತಿಗೆ ಆ ಇಡೀ ರಸ್ತೆಯಲ್ಲೇ ಅತಿ ಎತ್ತರದ ಜಾಗ ಸಿಗುತ್ತದೆ, 8,640 ಅಡಿ. ನಮ್ಮ ಮುಳ್ಳಯ್ಯನಗಿರಿ 6,300 ಅಡಿ ಚಿಲ್ಲರೆ ಅಂತ ನೆನಪಿಟ್ಟುಕೊಂಡರೆ ಲಾರಿಗಳು ಓಡಾಡುವ ಆ ರಸ್ತೆ ಎಷ್ಟು ಮೇಲಿದೆ ಎಂದು ಗೊತ್ತಾದೀತು. ಅಲ್ಲಿ ಅಬ್ರಹಾಂ ಲಿಂಕನ್ನರ ಕಂಚಿನ ತಲೆಯೊಂದನ್ನು ಕಲ್ಲುಕಂಬದ ಮೇಲೆ ಕೂರಿಸಿದ್ದಾರೆ. ಕಾರಿನ ಬಾಗಿಲು ತೆರೆದದ್ದೇ ತಡ, ಗಾಳಿ ನನ್ನವಳ ಶಾಲನ್ನು ಹಾರಿಸಿಕೊಂಡು ಹೋಯಿತು. ಅಳಿಯಂದಿರು ಓಡಿ ಹಿಡಿದು ತಂದರು. ಚಳಿಗಾಲದಲ್ಲಿ ಈ ಗಾಳಿಗೆ ಲಾರಿಗಳೇ ಮಗುಚುತ್ತವಂತೆ, ಎಷ್ಟೋ ಸಲ ಹೆದ್ದಾರಿಯನ್ನೇ ಮುಚ್ಚುತ್ತಾರೆ.

ಇನ್ನಷ್ಟು ಮುಂದೆ ಹೋದರೆ ಎರಡು ದಾರಿಗಳ ನಡುವೆ ಒಂದು ಬಂಡೆ, ಬಂಡೆಯ ಬಿರುಕಿನಿಂದ ಎದ್ದ ಒಂದು ಪೈನ್ ಮರ. ಮಣ್ಣು ಕಣ್ಣಿಗೆ ಬೀಳುವುದಿಲ್ಲ, ಕಲ್ಲೊಳಗಿಂದಲೇ ಬಂದಂತೆ ಕಾಣುತ್ತದೆ. ರೈಲು ಹಾದಿ ಮಾಡುವವರು ಈ ಮರವನ್ನು ಕಡಿಯಲು ಮನಸ್ಸು ಬಾರದೆ ಹಳಿಯನ್ನೇ ಸ್ವಲ್ಪ ಪಕ್ಕಕ್ಕೆ ಸರಿಸಿದರೆಂದೂ, ಉಗಿಬಂಡಿಗೆ ಕಲ್ಲಿದ್ದಲು ಹಾಕುವವರು ಹಾದುಹೋಗುವಾಗಲೆಲ್ಲ ಒಂದೊಂದು ಬಕೆಟ್ ನೀರು ಸುರಿಯುತ್ತಿದ್ದರೆಂದೂ ಅಲ್ಲಿಯವರು ಕಥೆ ಹೇಳುತ್ತಾರೆ. ಈಗ ಬೇಲಿ ಕಟ್ಟಿದ್ದಾರೆ. ಹಳಿ ಅಲ್ಲಿಲ್ಲ. ಮರ ಇದೆ.

ಸುತ್ತಲ ಬಂಡೆ, ಜಲ್ಲಿ, ಮಣ್ಣು ಎಲ್ಲ ಗುಲಾಬಿ ಬಣ್ಣ. ಸುಮಾರು 140 ಕೋಟಿ ವರ್ಷ ಹಳೆಯ ಗ್ರಾನೈಟು ಎಂದು ಫಲಕದಲ್ಲಿ ಓದಿ ಮಗಳು ಆಶ್ಚರ್ಯಪಟ್ಟಳು. "ನಮ್ಮ ರಾಮನಗರದ ಬಂಡೆಗೆ 250 ಕೋಟಿ ವರ್ಷ ಕಣೇ" ಎಂದೆ. ಪರದೇಶಕ್ಕೆ ಹೋದಾಗ ಹೀಗೆ ಅಷ್ಟಿಷ್ಟು ಜಂಬ ಇರಬೇಕು.

ಅಲ್ಲಿಂದ ಬುಫೋರ್ಡಿಗೆ ಕೆಲವೇ ನಿಮಿಷ. ಹೆದ್ದಾರಿಯಿಂದ ಇಳಿದರೆ ಎದುರಿಗೆ ಒಂದು ಅಂಗಡಿ. ಪಕ್ಕದಲ್ಲಿ ಒಂದು ಮನೆ, 1905ರಲ್ಲಿ ಕಟ್ಟಿದ ಶಾಲೆಯ ಚಿಕ್ಕ ಕಟ್ಟಡ, ಒಂದು ಶೆಡ್ಡು. ಮುಗಿಯಿತು ಊರು. ಹಿಂದೆ ಹುಲ್ಲುಗಾವಲು, ಅದರಾಚೆ ರೈಲು ಹಳಿ. ಊರಿನ ಫಲಕದ ಮೇಲೆ ದಪ್ಪ ಅಕ್ಷರಗಳಲ್ಲಿ: ಜನಸಂಖ್ಯೆ 1, ಎತ್ತರ 8000.

ಇಷ್ಟು ಸಣ್ಣ ಊರು ಇಂಥ ಬೆಟ್ಟದ ಮೇಲೆ ಯಾಕೆ ಹುಟ್ಟಿತು? ಅದಕ್ಕೆ ನೆಲದ ಆಕಾರವೇ ಕಾರಣ. ಅಮೆರಿಕದ ನಡುವಿನ ಬಯಲಿನಿಂದ ಪಶ್ಚಿಮಕ್ಕೆ ಹೊರಟರೆ ರಾಕಿ ಪರ್ವತಗಳು ಗೋಡೆಯ ಹಾಗೆ ಅಡ್ಡ ನಿಲ್ಲುತ್ತವೆ. ನಮ್ಮ ಸಕಲೇಶಪುರದಿಂದ ಸುಬ್ರಹ್ಮಣ್ಯಕ್ಕೆ ರೈಲು ಇಳಿಯಬೇಕಾದರೆ 57 ಸುರಂಗ ಬೇಕಾಯಿತಲ್ಲ, ಹಾಗೆ ಅಲ್ಲಿಯೂ ಆಗಬೇಕಿತ್ತು. ಆದರೆ ಈ ಒಂದು ಕಡೆ ಮಾತ್ರ ಬಯಲಿನ ಹಳೆಯ ಮಣ್ಣು ಬೆಟ್ಟದ ನೆತ್ತಿಯವರೆಗೂ ಕೊಚ್ಚಿಹೋಗದೆ ಉಳಿದುಕೊಂಡಿದೆ. ಲಾರಿಗೆ ಮೂಟೆ ಏರಿಸಲು ಹಲಗೆ ಒರಗಿಸುತ್ತಾರಲ್ಲ, ಹಾಗೆ ಒಂದು ನೀಳವಾದ ಇಳಿಜಾರು. ಅದರ ಹೆಸರೂ ಹಾಗೆಯೇ, 'ಗ್ಯಾಂಗ್‌ಪ್ಲ್ಯಾಂಕ್'. ಹಡಗು ಹತ್ತಲು ಇಡುವ ಹಲಗೆಗೆ ಆ ಮಾತು. ಬುಫೋರ್ಡಿನಿಂದ ಪೂರ್ವಕ್ಕೆ ಶಯೆನ್ ಎಂಬ ನಗರ ಸುಮಾರು ಎರಡು ಸಾವಿರ ಅಡಿ ಕೆಳಗಿದೆ. ನಾವು ಆಮೇಲೆ ಆ ದಾರಿಯಲ್ಲೇ ಇಳಿದೆವು. ಆಗುಂಬೆಯಂಥ ಒಂದು ತಿರುವಾದರೂ ಬಂದೀತು ಎಂದು ನನ್ನವಳು ಹುಣಸೆ ಪೆಪ್ಪರ್‌ಮೆಂಟು ಕೈಯಲ್ಲಿ ಹಿಡಿದೇ ಕೂತಿದ್ದಳು. ಬರಲಿಲ್ಲ. ಇಳಿಯುತ್ತಿದ್ದೇವೆ ಎಂದೇ ಗೊತ್ತಾಗಲಿಲ್ಲ.

ಅಮೆರಿಕದ ಪೂರ್ವವನ್ನೂ ಪಶ್ಚಿಮವನ್ನೂ ರೈಲಿನಿಂದ ಜೋಡಿಸಬೇಕೆಂಬ ಕಾನೂನಿಗೆ ಲಿಂಕನ್ ಸಹಿ ಹಾಕಿದ್ದು 1862ರಲ್ಲಿ. ಯೂನಿಯನ್ ಪೆಸಿಫಿಕ್ ಎಂಬ ಕಂಪನಿ ಪೂರ್ವದಿಂದ ಹಳಿ ಹಾಕುತ್ತಾ ಬಂದು ಇದೇ ಇಳಿಜಾರನ್ನು ಏರಿ 1868ರ ಏಪ್ರಿಲಿನಲ್ಲಿ ಬೆಟ್ಟದ ನೆತ್ತಿ ಮುಟ್ಟಿತು. ಮಾರನೇ ವರ್ಷ, 1869ರ ಮೇ 10ರಂದು, ಯೂಟಾದಲ್ಲಿ ಎರಡೂ ಕಡೆಯ ಹಳಿಗಳು ಕೂಡಿದವು. ಹಳಿ ಹಾಕುವ ಕೂಲಿಗಳ ಜೊತೆಗೇ ಊರುಗಳೂ ಚಲಿಸುತ್ತಿದ್ದವು. ಡೇರೆ, ಅಡುಗೆ, ಕಮ್ಮಾರ, ಹೆಂಡದಂಗಡಿ ಎಲ್ಲ. ಬುಫೋರ್ಡ್ ಅಂಥದೊಂದು ಬಿಡಾರ. ಹುಟ್ಟಿದ ವರ್ಷ 1866 ಎನ್ನುತ್ತಾರೆ, ಒಂದು ಕಾಲಕ್ಕೆ ಎರಡು ಸಾವಿರ ಜನ ಇದ್ದರಂತೆ. ಹೆಸರು ಅಂತರ್ಯುದ್ಧದ ಕುದುರೆ ದಳದ ಸೇನಾನಿ ಜಾನ್ ಬುಫೋರ್ಡ್ ಅವರದು. 1863ರ ಗೆಟ್ಟಿಸ್‌ಬರ್ಗ್ ಕದನದ ಮೊದಲ ದಿನ ಅವರ ಸವಾರರು ಶತ್ರುಸೇನೆಯನ್ನು ತಡೆದು ನಿಲ್ಲಿಸಿದ್ದರು. ಅದೇ ವರ್ಷದ ಡಿಸೆಂಬರಿನಲ್ಲಿ ತೀರಿಕೊಂಡರು. ತಮ್ಮ ಹೆಸರಿನ ಊರನ್ನು ಅವರು ನೋಡಲೇ ಇಲ್ಲ.

ಹಳಿ ಹಾಕಿ ಮುಗಿದ ಮೇಲೆ ಕೂಲಿಗಳು ಮುಂದಕ್ಕೆ ಹೋದರು. ಊರು ಕರಗಿತು. ಹಾಗೆ ಕರಗಿದ್ದು ಇದೊಂದೇ ಅಲ್ಲ. ಹತ್ತಿರದಲ್ಲೇ ಶರ್ಮನ್ ಎಂಬ ರೈಲು ಊರಿತ್ತು, ಆ ಹಾದಿಯ ಅತಿ ಎತ್ತರದ ನಿಲ್ದಾಣ. ಅಲ್ಲಿ 60 ಅಡಿ ಎತ್ತರದ ಕಲ್ಲಿನ ಪಿರಮಿಡ್ ಒಂದನ್ನು 1882ರಲ್ಲಿ ಕಟ್ಟಿ ಮುಗಿಸಿದರು. ರೈಲು ಕಂಪನಿಯ ಇಬ್ಬರು ಧನಿಕ ಸಹೋದರರ, ಓಕ್ಸ್ ಏಮ್ಸ್ ಮತ್ತು ಆಲಿವರ್ ಏಮ್ಸ್ ಅವರ, ಸ್ಮಾರಕ ಅದು. ನಾನು ಬಿ.ಕಾಂ. ಓದುವಾಗ ನಮ್ಮ ಮೇಷ್ಟ್ರು ಒಂದು ಹಗರಣದ ಕಥೆ ಹೇಳುತ್ತಿದ್ದರು. ರೈಲು ಕಂಪನಿಯವರೇ ಇನ್ನೊಂದು ಹೆಸರಿನ ಕಂಟ್ರಾಕ್ಟರ್ ಕಂಪನಿ ಮಾಡಿಕೊಂಡು, ತಮಗೆ ತಾವೇ ದುಬಾರಿ ಬಿಲ್ಲು ಬರೆದುಕೊಂಡು, ಯಾರೂ ಕೇಳದಿರಲಿ ಎಂದು ಸಂಸತ್ತಿನ ಸದಸ್ಯರಿಗೆ ಅಗ್ಗದ ದರದಲ್ಲಿ ಷೇರು ಹಂಚಿದ ಕಥೆ. ಷೇರು ಹಂಚಿದ ಪುಣ್ಯಾತ್ಮ ಇದೇ ಓಕ್ಸ್ ಏಮ್ಸ್. ಅವರೂ ಸಂಸತ್ ಸದಸ್ಯರೇ. 1873ರಲ್ಲಿ ಸದನ ಅವರಿಗೆ ಛೀಮಾರಿ ಹಾಕಿತು. ಪರೀಕ್ಷೆಗೆ ಬರೆದು ಮರೆತಿದ್ದ ಹೆಸರು ನಲವತ್ತು ವರ್ಷದ ಮೇಲೆ ಕಲ್ಲಾಗಿ ಎದುರು ನಿಂತಿತ್ತು. 1901ರಲ್ಲಿ ರೈಲು ಹಾದಿಯನ್ನು ದಕ್ಷಿಣಕ್ಕೆ ಸರಿಸಿದರು. ಶರ್ಮನ್ ಊರು ಅಲ್ಲಿಗೆ ಸತ್ತಿತು. ಪಿರಮಿಡ್ ಮಾತ್ರ ಹುಲ್ಲಿನ ನಡುವೆ ಒಂಟಿಯಾಗಿದೆ, ನೋಡಲು ಯಾವ ರೈಲಿನ ಪ್ರಯಾಣಿಕರೂ ಇಲ್ಲ.

ಬುಫೋರ್ಡ್ ಪೂರ್ತಿ ಸಾಯಲಿಲ್ಲ. ಹೆದ್ದಾರಿ ಅದನ್ನು ಉಳಿಸಿತು. 1980ರಲ್ಲಿ ಕ್ಯಾಲಿಫೋರ್ನಿಯಾದಿಂದ ಒಬ್ಬರು ಹೆಂಡತಿ, ಮಗನ ಜೊತೆ ಬಂದು ಅಲ್ಲಿ ನೆಲೆಸಿದರು. ಪಟ್ಟಣದ ಗದ್ದಲ ಸಾಕಾಗಿತ್ತಂತೆ. 1995ರಲ್ಲಿ ಹೆಂಡತಿ ತೀರಿಕೊಂಡರು. 2007ರಲ್ಲಿ ಮಗ ಬೇರೆ ಕಡೆ ಹೋದ. ಫಲಕದ ಮೇಲೆ ಒಂದು ಎಂದಾದದ್ದು ಹೀಗೆ. ಅದನ್ನು ನೋಡಲು ಬಂದವರೆಲ್ಲ ನಗುತ್ತಾ ಫೋಟೋ ತೆಗೆಸಿಕೊಳ್ಳುತ್ತಾರೆ, ನಾವೂ ತೆಗೆಸಿಕೊಂಡೆವು. ಮನೆಗೆ ಬಂದ ಮೇಲೆ ನನ್ನವಳು ಹೇಳಿದಳು, "ಮೂರು ಎರಡಾಗಿ, ಎರಡು ಒಂದಾದದ್ದಲ್ವಾ ಅದು? ನಾವು ಹಲ್ಲು ಕಿರಿದುಕೊಂಡು ನಿಂತ್ವಲ್ಲ."

ಇಂಥ ಊರಿಗೆ ಪಂಚಾಯ್ತಿ ಇರುತ್ತದೆಯೇ ಎಂದು ಅಳಿಯಂದಿರನ್ನು ಕೇಳಿದೆ. ಅಮೆರಿಕದಲ್ಲಿ ಜನ ಒಂದು ಕಡೆ ಮನೆ ಕಟ್ಟಿಕೊಂಡ ಮಾತ್ರಕ್ಕೆ ಅದು ಕಾನೂನಿನ ಕಣ್ಣಿನಲ್ಲಿ ಊರಾಗುವುದಿಲ್ಲ. ರಾಜ್ಯದ ಕಾನೂನಿನ ಪ್ರಕಾರ ನೋಂದಣಿಯಾದರೆ ಅದಕ್ಕೆ ತನ್ನದೇ ಮೇಯರು, ಮಂಡಳಿ, ತೆರಿಗೆ. ನೆಬ್ರಾಸ್ಕಾ ರಾಜ್ಯದ ಮೊನೋವಿ ಎಂಬ ಹಳ್ಳಿ ಹಾಗೆ ನೋಂದಣಿಯಾದದ್ದು. 2010ರ ಜನಗಣತಿಯಲ್ಲಿ ಅಲ್ಲಿಯೂ ಒಬ್ಬರೇ, ಒಬ್ಬ ಅಜ್ಜಿ. ಅವರೇ ಮೇಯರು, ಅವರೇ ಗುಮಾಸ್ತೆ, ಅವರೇ ಲೈಬ್ರರಿ ನೋಡಿಕೊಳ್ಳುವವರು. ಬುಫೋರ್ಡ್ ನೋಂದಣಿಯಾಗಿಲ್ಲ. ಅಂಥ ಊರುಗಳ ಆಡಳಿತವನ್ನೆಲ್ಲ ಜಿಲ್ಲೆಯೇ ನೋಡಿಕೊಳ್ಳುತ್ತದೆ. ನಕ್ಷೆಯಲ್ಲಿ ಹೆಸರಿದೆ, ಅಂಚೆಯ ಪಿನ್‌ಕೋಡ್ ಇದೆ, ಜನರ ಬಾಯಲ್ಲಿ ಊರು. ಕಾನೂನಿನ ಪುಸ್ತಕದಲ್ಲಿ ಊರಲ್ಲ.

ಅಳಿಯಂದಿರು ಇದನ್ನು ಹೇಳುತ್ತಿದ್ದಾಗ ನನಗೆ ಆ ಗಾಳಿಯಲ್ಲೂ ಸ್ವಲ್ಪ ಬೆವರಿತು. ಯಾಕೆಂದು ಆಗ ಯಾರಿಗೂ ಹೇಳಲಿಲ್ಲ.

1980ರ ದಶಕದ ಮಾತು. ನಾನು ಚಿತ್ರದುರ್ಗ ಜಿಲ್ಲೆಯ ಒಂದು ಸಣ್ಣ ಶಾಖೆಯಲ್ಲಿ ಗುಮಾಸ್ತ. ಸಾಲದ ಅರ್ಜಿ ಮೊದಲು ಬರುತ್ತಿದ್ದುದು ನನ್ನ ಮೇಜಿಗೆ. ಒಂದು ದಿನ ಗೊಲ್ಲರಹಟ್ಟಿಯ ಹಿರಿಯರೊಬ್ಬರು ಕಂಬಳಿ ಹೊದ್ದುಕೊಂಡು ಬಂದರು. ಕುರಿ ಸಾಲ ಬೇಕಿತ್ತು. ಯಾರ ಕೈಲೋ ಅರ್ಜಿ ಬರೆಸಿಕೊಂಡು ಬಂದಿದ್ದರು. 'ಗ್ರಾಮ' ಎಂಬ ಕಾಲಂನಲ್ಲಿ ಹಟ್ಟಿಯ ಹೆಸರಿತ್ತು. ನಮ್ಮ ಶಾಖೆಗೆ ಸೇರಿದ ಹಳ್ಳಿಗಳ ಪಟ್ಟಿ ಗೋಡೆಗೆ ಅಂಟಿಸಿತ್ತು. ಅದರಲ್ಲಿ ಆ ಹೆಸರಿರಲಿಲ್ಲ. ಯಾವ ಗ್ರಾಮಕ್ಕೆ ಸೇರುತ್ತೆ ಎಂದು ಕೇಳಿದೆ. ಈ ಕಡೆ ಊರಿನವರು ಆ ಕಡೆಗೆ ಸೇರಿದ್ದು ಅನ್ನುತ್ತಾರೆ, ಆ ಕಡೆಯವರು ಈ ಕಡೆಗೆ ಅನ್ನುತ್ತಾರೆ ಎಂದರು. "ಹಾಗಾದ್ರೆ ಆಗಲ್ಲ. ಈ ಹೆಸರಿನ ಊರೇ ಇಲ್ಲ" ಎಂದು ಅರ್ಜಿ ಹಿಂದಕ್ಕೆ ಸರಿಸಿದೆ.

ಅವರು ಸಿಟ್ಟಾಗಲಿಲ್ಲ. ಗೋಡೆಯ ಪಟ್ಟಿಯನ್ನು ಒಂದು ಸಲ ನೋಡಿದರು. "ಊರೇ ಇಲ್ಲ ಅಂದ್ರೆ ನಾನು ಎಲ್ಲಿಂದ ಬಂದೆ ಸ್ವಾಮಿ?" ಎಂದರು. ಪಕ್ಕದ ಕೌಂಟರಿನವರು ನಕ್ಕರು. ನಾನೂ ನಕ್ಕೆ. ಅರ್ಜಿಯನ್ನು ನಾಲ್ಕು ಮಡಿಕೆ ಮಡಚಿ ಕಂಬಳಿಯೊಳಗೆ ಇಟ್ಟುಕೊಂಡು ಹೋದರು. ಮತ್ತೆ ಬರಲಿಲ್ಲ. ನಿಯಮದ ಪ್ರಕಾರ ನನ್ನದು ತಪ್ಪಲ್ಲ. ಆದರೆ ಮ್ಯಾನೇಜರ ಕೋಣೆ ಹತ್ತು ಹೆಜ್ಜೆ ದೂರದಲ್ಲಿತ್ತು. ಎದ್ದು ಹೋಗಿ ಒಂದು ಮಾತು ಕೇಳಬಹುದಿತ್ತು. ಊಟದ ಹೊತ್ತಾಗಿತ್ತು, ಏಳಲಿಲ್ಲ.

ನಮ್ಮ ಕಂದಾಯ ದಾಖಲೆಯಲ್ಲಿ 'ಬೇಚಿರಾಕ್ ಗ್ರಾಮ' ಎಂಬ ಮಾತಿದೆ. ಅಜ್ಜ ಅಜ್ಜಿಯರಲ್ಲಿ ಹಲವರು ಕೇಳಿರುತ್ತೀರಿ. ಪರ್ಷಿಯನ್ ಭಾಷೆಯಲ್ಲಿ ಚಿರಾಗ್ ಎಂದರೆ ದೀಪ, ಬೇ ಎಂದರೆ ಇಲ್ಲದ. ದೀಪ ಹಚ್ಚುವವರಿಲ್ಲದ ಊರು. ಜನ ಗುಳೆ ಹೋಗಿಯೋ, ರೋಗ ಬಂದೋ ಖಾಲಿಯಾದ ಹಳ್ಳಿಗಳು. ಅಲ್ಲಿ ಒಂದು ಮನೆಯಿಲ್ಲ, ಆದರೂ ದಾಖಲೆಯಲ್ಲಿ ಹೆಸರಿದೆ, ಸರ್ವೆ ನಂಬರಿದೆ, ಗಡಿಯಿದೆ. ನನ್ನ ಗೋಡೆಯ ಪಟ್ಟಿಯಲ್ಲೇ ಅಂಥವು ಎರಡು ಇದ್ದವು. ದೀಪ ಹಚ್ಚುವ ನೂರು ಜನರಿದ್ದ ಹಟ್ಟಿ ಅದರಲ್ಲಿ ಇರಲಿಲ್ಲ.

ಬುಫೋರ್ಡಿಗೆ ವಾಪಸು ಬರೋಣ, ಅದರ ಕಥೆಯಲ್ಲಿ ಇನ್ನೊಂದು ಮಜಾ ಉಳಿದಿದೆ. ಒಂಟಿಯಾಗಿ ಉಳಿದಿದ್ದ ಆ ಮನುಷ್ಯ 2012ರಲ್ಲಿ ಊರನ್ನೇ ಹರಾಜಿಗಿಟ್ಟರು. ಏಪ್ರಿಲ್ 5ರಂದು ಹರಾಜು. ಕೂಗು ಶುರುವಾದದ್ದು ಒಂದು ಲಕ್ಷ ಡಾಲರಿನಿಂದ, ಮುಗಿದದ್ದು ಒಂಬತ್ತು ಲಕ್ಷಕ್ಕೆ. ಆಗಿನ ದರದಲ್ಲಿ ನಾಲ್ಕೂವರೆ ಕೋಟಿ ರೂಪಾಯಿಗೂ ಸ್ವಲ್ಪ ಮೇಲೆ. ಕೊಂಡವರು ಯಾರು ಗೊತ್ತೇ? ವಿಯೆಟ್ನಾಮಿನ ಹೋ ಚಿ ಮಿನ್ ನಗರದ ಒಬ್ಬ ವ್ಯಾಪಾರಿ. ಮಾರಿದವರು ಯುವಕರಾಗಿದ್ದಾಗ ಅಮೆರಿಕದ ಸೈನಿಕರಾಗಿ ಅದೇ ವಿಯೆಟ್ನಾಮಿಗೆ ಹೋಗಿದ್ದವರು. ಕೊಂಡವರು 2013ರಲ್ಲಿ ಊರಿನ ಹೆಸರಿಗೆ ತಮ್ಮ ಕಾಫಿಯ ಹೆಸರು ಸೇರಿಸಿ 'ಫಿನ್‌ಡೆಲಿ ಟೌನ್ ಬುಫೋರ್ಡ್' ಎಂದು ಫಲಕ ಬದಲಿಸಿದರು. ಆ ಅಂಗಡಿಯಲ್ಲಿ ಮಾರುವುದೂ ವಿಯೆಟ್ನಾಮಿನ ಕಾಫಿಯೇ ಆಯಿತು.

ಕಾಫಿ ಎಂದ ಮೇಲೆ ನನ್ನವಳನ್ನು ಹಿಡಿಯುವವರುಂಟೇ? 'ಫಿನ್' ಎಂದರೆ ವಿಯೆಟ್ನಾಮಿನವರ ಕಾಫಿ ಫಿಲ್ಟರು. ನಮ್ಮ ಫಿಲ್ಟರಿನ ಮೇಲಿನ ಅರ್ಧವನ್ನು ಮಾತ್ರ ತೆಗೆದು ಲೋಟದ ಮೇಲೆ ಕೂರಿಸಿದಂತೆ. ಪುಡಿ ಹಾಕಿ, ತೂತಿನ ಬಿಲ್ಲೆ ಒತ್ತಿ, ಬಿಸಿನೀರು ಸುರಿದರೆ ಡಿಕಾಕ್ಷನ್ ತೊಟ್ಟು ತೊಟ್ಟಾಗಿ ನೇರ ಲೋಟಕ್ಕೇ ಬೀಳುತ್ತದೆ. ಕೆಳಗೆ ಗಟ್ಟಿ ಸಿಹಿಹಾಲು ಮೊದಲೇ ಇರುತ್ತದೆ. ಅವಳು ಒಂದು ಪೊಟ್ಟಣ ಪುಡಿ ಕೊಂಡಳು. ಮಗಳ ಮನೆಯಲ್ಲಿ ನಮ್ಮ ಫಿಲ್ಟರಿಗೇ ಹಾಕಿ ಇಳಿಸಿ, ಒಂದು ಗುಟುಕು ಕುಡಿದು, "ರೊಬಸ್ಟಾ. ಸ್ವಲ್ಪ ಹುರಿ ಜಾಸ್ತಿಯಾಗಿದೆ. ಆದ್ರೂ ಪರವಾಗಿಲ್ಲ" ಎಂದು ತೀರ್ಪು ಕೊಟ್ಟಳು. ಚಿಕ್ಕಮಗಳೂರಿನವರಿಂದ ಅಷ್ಟು ಬಂದರೆ ಅದು ಪ್ರಶಸ್ತಿ ಇದ್ದಂತೆ.

ಹಟ್ಟಿಯ ಮಾತು ಅರ್ಧಕ್ಕೆ ನಿಂತಿದೆ. ಇತ್ತೀಚಿನ ವರ್ಷಗಳಲ್ಲಿ ನಮ್ಮ ರಾಜ್ಯದಲ್ಲಿ ಹಟ್ಟಿ, ಹಾಡಿ, ತಾಂಡಾಗಳನ್ನು ಕಂದಾಯ ಗ್ರಾಮಗಳೆಂದು ದಾಖಲಿಸುವ ಕೆಲಸ ನಡೆದಿದೆ. 2023ರ ಜನವರಿಯಲ್ಲಿ ಕಲಬುರಗಿ ಜಿಲ್ಲೆಯ ಮಳಖೇಡದಲ್ಲಿ ಐವತ್ತು ಸಾವಿರಕ್ಕೂ ಹೆಚ್ಚು ತಾಂಡಾ ಕುಟುಂಬಗಳಿಗೆ ಒಂದೇ ದಿನ ಹಕ್ಕುಪತ್ರ ಕೊಟ್ಟ ಸುದ್ದಿ ಪತ್ರಿಕೆಯಲ್ಲಿ ಓದಿದೆ. ಕತ್ತರಿಸಿ ಡೈರಿಯಲ್ಲಿ ಇಟ್ಟುಕೊಂಡೆ. ಅದಾದ ವರ್ಷ ಹಿರಿಯೂರಿನ ಕಡೆ ಒಂದು ಮದುವೆಗೆ ಹೋದಾಗ ಕಾರಿನವನಿಗೆ ಹೇಳಿ ಸ್ವಲ್ಪ ಸುತ್ತುಹಾಕಿಸಿ ಆ ದಾರಿಯಲ್ಲಿ ಹೋದೆ. ರಸ್ತೆಯ ಬದಿಗೆ ಹಟ್ಟಿಯ ಹೆಸರಿನ ಫಲಕ ಇತ್ತು. ಇಳಿದು ಅದರ ಎದುರು ನಿಂತು ಓದಿದೆ. ಕಾರಿನವನು ನನಗೆ ದಾರಿ ತಪ್ಪಿತೆಂದುಕೊಂಡ.

ಫಲಕದ ಪಕ್ಕ ಒಂದು ಚಹಾದ ಅಂಗಡಿ. ಮೂವತ್ತರ ಆಸುಪಾಸಿನ ಹುಡುಗ. ಹಿರಿಯರ ಹೆಸರು ಹೇಳಿ ಕೇಳಿದೆ. "ನಮ್ ತಾತನೇ. ಹೋಗಿ ಇಪ್ಪತ್ತು ವರ್ಷ ಆತು. ನಿಮಗೆ ಹೆಂಗೆ ಗೊತ್ತು?" ಎಂದ. "ಹಿಂದೆ ಈ ಕಡೆ ಕೆಲಸದಲ್ಲಿದ್ದೆ" ಎಂದೆ. ತಾತನ ಪರಿಚಯದವರು ಎಂದು ಚಹಾದ ದುಡ್ಡು ಬೇಡವೆಂದ. ಒತ್ತಾಯ ಮಾಡಿ ಕೊಟ್ಟೆ. ಆ ದಿನದ ವಿಷಯ ಬಾಯಿಗೆ ಬಂತು, ಹೊರಗೆ ಬರಲಿಲ್ಲ. ಅಲ್ಲಿ ಹೇಳಲಾರದ್ದನ್ನು ಇಲ್ಲಿ ಬರೆದಿದ್ದೇನೆ. ಈ ಪತ್ರಿಕೆ ಆ ಕಡೆಗೂ ಹೋಗುತ್ತದೆ ಎಂದು ಬಲ್ಲೆ.

ಇನ್ನು ಮೊಮ್ಮಗಳ ಪಟ್ಟಿ. ಐದನೇ ಸಾಲಿನಲ್ಲಿ ದುಂಡಗೆ ಬರೆದಳು. ಊರು: ಬುಫೋರ್ಡ್. ತಾಲ್ಲೂಕು: ಇಲ್ಲ. ಜಿಲ್ಲೆ: ಆಲ್ಬನಿ. ಜನಸಂಖ್ಯೆ: 1. ಊರಿನ ವಿಶೇಷ ಎಂಬ ಕಾಲಂ ಸಾಲದೆ ಅಂಚಿನವರೆಗೂ ಹೋಗಿ, "ಅಜ್ಜಿಗೆ ಇಲ್ಲಿಯ ಕಾಫಿ ಪರವಾಗಿಲ್ಲ" ಎಂದು ಮುಗಿಸಿದ್ದಳು. ಸೋಮವಾರ ಪುಸ್ತಕ ವಾಪಸು ಬಂತು. ನಾಲ್ಕು ಊರುಗಳಿಗೆ ಕೆಂಪು ಶಾಯಿಯ ಸರಿ ಗುರುತು, ಐದನೆಯದರ ಜನಸಂಖ್ಯೆಯ ಸುತ್ತ ಒಂದು ಸುತ್ತು, ಪಕ್ಕದಲ್ಲಿ ಪ್ರಶ್ನಾರ್ಥಕ ಚಿಹ್ನೆ. ಫಲಕದ ಎದುರು ನಾವು ತೆಗೆಸಿಕೊಂಡ ಫೋಟೋ ಯಾವ ಪೆಟ್ಟಿಗೆಯಲ್ಲಿದೆ ಎಂದು ಈಗ ಇಬ್ಬರೂ ಅಟ್ಟದ ಮೇಲೆ ಹುಡುಕುತ್ತಿದ್ದೇವೆ.